ಹೊಸ್ತಿಲಕ್ಷರ: ಪದೇ ಪದೇ ಕೇಳುವ ಪ್ರಶ್ನೆಗಳು

ನಾನು ಕೆಲವು ವರ್ಷಗಳಿಂದ ಕಟ್ಟುತ್ತಿರುವ ಕಲ್ಪಿತ ಲೋಕದಲ್ಲಿ ತೊರೆಯವರು ಎಂಬ ಜನರಿದ್ದಾರೆ. ನದಿ ಕವಲೊಡೆದು ಕಡಲಿಗೆ ಸೇರುವ ಕಡೆ ಅವರ ವಾಸ. ಅವರ ಲಿಪಿಯಲ್ಲಿ ಮೂವತ್ತೊಂದು ಅಕ್ಷರಗಳಿವೆ. ಅವುಗಳಲ್ಲಿ ಒಂದಕ್ಕೆ ಮಾತ್ರ ಮಾಯೆಯ ಬಲವಿದೆ. ಕಥೆಗಳನ್ನು ಓದಿದವರು ಆ ಒಂದು ಅಕ್ಷರದ ಬಗ್ಗೆಯೇ ಮತ್ತೆ ಮತ್ತೆ ಕೇಳುವುದರಿಂದ ಉತ್ತರಗಳನ್ನೆಲ್ಲ ಒಂದೆಡೆ ಬರೆದಿಡುತ್ತಿದ್ದೇನೆ.

ಹೊಸ್ತಿಲಕ್ಷರ ಎಂದರೇನು?

ಒಂದು ಪದಕ್ಕೆ ಮೊದಲು ಬರೆಯುವ ಅಕ್ಷರ. ಅದರ ಮುಂದೆ ಯಾವ ವಸ್ತುವಿನ ಹೆಸರು ಬರುತ್ತದೆಯೋ ಆ ವಸ್ತು, ಬರಹ ಇರುವ ಗಡಿಯನ್ನು ದಾಟಿ ಬರಲಾರದು. ಬಾಗಿಲ ಚೌಕಟ್ಟಿನ ಮೇಲೆ ಹೊಸ್ತಿಲಕ್ಷರ ಬರೆದು ಅದರ ಮುಂದೆ ‘ನೆರೆ’ ಎಂದು ಬರೆದರೆ ಪ್ರವಾಹದ ನೀರು ಆ ಬಾಗಿಲಲ್ಲಿ ನಿಲ್ಲುತ್ತದೆ. ಅದು ತಡೆಯುವುದು ಬರೆದ ವಸ್ತುವನ್ನು ಮಾತ್ರ. ನೆರೆಯನ್ನು ತಡೆದ ಬಾಗಿಲಿನಿಂದ ಮಳೆ ಒಳಗೆ ಬರಬಹುದು, ಇಲಿ ಬರಬಹುದು, ಕಳ್ಳ ಬರಬಹುದು.

ಅದರ ಆಕಾರ ಹೇಗಿದೆ?

ಮೂರು ಗೆರೆಗಳು. ಬಾಗಿಲ ಕಂಬಗಳಂತೆ ಎರಡು ನೇರ ಗೆರೆಗಳು. ಅವು ಒಂದನ್ನೊಂದು ತಾಗುವುದಿಲ್ಲ. ಅವುಗಳ ನಡುವೆ, ತೀರ ಕೆಳಗೆ, ಓರೆಯಾದ ಒಂದು ಗಿಡ್ಡ ಗೆರೆ. ಬಲಗಡೆ ಸ್ವಲ್ಪ ಎತ್ತರ, ಎಡಗಡೆ ತಗ್ಗು. ಮೊದಲು ಎಡಗಂಬ, ಆಮೇಲೆ ಬಲಗಂಬ, ಕೊನೆಗೆ ಬಲದಿಂದ ಎಡಕ್ಕೆ ಇಳಿಯುವ ಆ ಓರೆಗೆರೆ. ತೊರೆಯವರು ಅದನ್ನು ದಾಟುಗೆರೆ ಎನ್ನುತ್ತಾರೆ. ಅವರ ಲಿಪಿ ನಮ್ಮದರಂತೆ ಎಡದಿಂದ ಬಲಕ್ಕೆ ಹರಿಯುತ್ತದೆ; ಇಡೀ ವರ್ಣಮಾಲೆಯಲ್ಲಿ ಹರಿವಿಗೆ ಎದುರಾಗಿ ಎಳೆಯುವ ಗೆರೆ ಇದೊಂದೇ. ಮಕ್ಕಳಿಗೆ ಕಲಿಸುವಾಗ ಇಲ್ಲಿಗೆ ಬಂದ ಕೂಡಲೇ ಅವರ ಕೈ ತಡವರಿಸುತ್ತದೆ. ಆ ತಡವರಿಕೆ ಇರಲಿ ಎಂದೇ ನಾನು ಹಾಗೆ ರೂಪಿಸಿದೆ.

ಇದು ನಿಜಕ್ಕೂ ಅಕ್ಷರವೇ? ಯಂತ್ರ ಅಥವಾ ಲಾಂಛನ ಎನ್ನಬಾರದೇಕೆ?

ನನಗೆ ಎಲ್ಲಕ್ಕಿಂತ ಮುಖ್ಯವಾದ ಪ್ರಶ್ನೆ ಇದು. ಕಲ್ಪಿತ ಲೋಕಗಳಲ್ಲಿ ಮಾಯೆಯ ಚಿಹ್ನೆಗಳು ಬಹುಮಟ್ಟಿಗೆ ಲಾಂಛನಗಳಾಗಿಯೇ ಉಳಿಯುತ್ತವೆ. ಒಂದು ವೃತ್ತ, ಅದರೊಳಗೆ ನಕ್ಷತ್ರ, ಸುತ್ತ ಹೊಳೆಯುವ ಬೆಳಕು. ನೋಡಲು ಚೆನ್ನಾಗಿರುತ್ತದೆ, ಆದರೆ ಅದನ್ನು ಯಾರೂ ಓದಲಾರರು, ಯಾರೂ ತಪ್ಪಾಗಿ ಬರೆಯಲಾರರು. ಅದು ಯಾವ ಭಾಷೆಗೂ ಸೇರಿದ್ದಲ್ಲ.

ಅಕ್ಷರವೆಂದರೆ ಬೇರೆ. ಅದಕ್ಕೆ ಅಕ್ಕಪಕ್ಕದ ಅಕ್ಷರಗಳು ಬೇಕು, ಉಚ್ಚಾರ ಬೇಕು, ಕಲಿಯುವ ಕ್ರಮ ಬೇಕು, ಕೆಟ್ಟ ಕೈಬರಹ ಬೇಕು, ಅವಸರದಲ್ಲಿ ಬರೆದಾಗ ಅದು ಹೇಗೆ ಕೆಡುತ್ತದೆ ಎಂಬುದು ಗೊತ್ತಿರಬೇಕು. ಹೊಸ್ತಿಲಕ್ಷರದ ಬಲವೆಲ್ಲ ಇವುಗಳಿಂದಲೇ ಬರುತ್ತದೆ. ಮಾಯೆಯನ್ನು ಮೊದಲು ನಿರ್ಧರಿಸಿ ಅದಕ್ಕೊಂದು ಆಕಾರ ಅಂಟಿಸಿದ್ದರೆ ಈ ಪುಟದ ಅರ್ಧ ಪ್ರಶ್ನೆಗಳಿಗೆ ನನ್ನ ಬಳಿ ಉತ್ತರವೇ ಇರುತ್ತಿರಲಿಲ್ಲ.

ಅಕ್ಷರಕ್ಕೂ ಮಾಯೆಗೂ ಇರುವ ನಂಟು ನಮ್ಮ ಮಾತಿನಲ್ಲಿಯೇ ಇದೆ. ಅಕ್ಷರ ಎಂದರೆ ಕ್ಷರವಿಲ್ಲದ್ದು, ಸವೆಯದ್ದು. ಮಾತ್ರೆ ಎಂಬುದು ಛಂದಸ್ಸಿನಲ್ಲಿ ಉಚ್ಚಾರದ ಅಳತೆಯೂ ಹೌದು, ಜ್ವರಕ್ಕೆ ನುಂಗುವ ಔಷಧಿಯೂ ಹೌದು. ಬದುಕಿನ ಗತಿಯನ್ನೇ ಹಣೆಬರಹ ಎನ್ನುತ್ತೇವೆ. ಇಂಗ್ಲಿಷಿನಲ್ಲಿಯೂ ವ್ಯಾಕರಣವನ್ನು ಹೇಳುವ ಗ್ರಾಮರ್ ಎಂಬ ಪದದ ಸ್ಕಾಟ್ಲೆಂಡಿನ ರೂಪವೇ ಗ್ಲಾಮರ್. ಅದರ ಮೊದಲ ಅರ್ಥ ಕಣ್ಕಟ್ಟು. ಮಂತ್ರದ ಪುಸ್ತಕಕ್ಕೆ ಹೇಳುವ ಗ್ರಿಮ್ವಾರ್ ಎಂಬ ಫ್ರೆಂಚ್ ಪದವೂ ಅದೇ ಬೇರಿನದು. ಓದಲು ಬಾರದವರ ನಡುವೆ ಓದಬಲ್ಲವನು ಎಲೆಯನ್ನೋ ಚರ್ಮವನ್ನೋ ನೋಡಿ ದೂರದ ಮನುಷ್ಯನ ಮಾತನ್ನು ಹೇಳಿಬಿಟ್ಟರೆ ಅದು ಮಾಯೆಯಲ್ಲದೆ ಇನ್ನೇನು? ಅಮೆರಿಕದ ಚೆರೋಕೀ ಜನಾಂಗದ ಸಿಕ್ವೋಯಾ 1821ರ ಹೊತ್ತಿಗೆ ತನ್ನ ಭಾಷೆಗೆ ಒಬ್ಬನೇ ಕುಳಿತು ಲಿಪಿ ರೂಪಿಸಿದಾಗ ಜನರು ಅದನ್ನು ಮಾಟವೆಂದು ಶಂಕಿಸಿದರು ಎಂಬ ಕಥೆ ಪ್ರಸಿದ್ಧವಾಗಿದೆ.

ಅದನ್ನು ಉಚ್ಚರಿಸುವುದು ಹೇಗೆ?

ಈಗ ಉಚ್ಚರಿಸುವುದಿಲ್ಲ. ಹಿಂದೊಮ್ಮೆ ಗಂಟಲಿನಾಳದಿಂದ ಬರುವ ಒಂದು ವ್ಯಂಜನ ಅದಕ್ಕಿತ್ತು. ಮಾತಿನಿಂದ ಆ ಧ್ವನಿ ಸವೆದುಹೋಯಿತು, ಅಕ್ಷರ ಉಳಿಯಿತು. ಕನ್ನಡದ ಓದುಗರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ನಾವು ಏಳು, ಆರು ಎನ್ನುವುದನ್ನು ಹಳಗನ್ನಡ ಏೞು, ಆಱು ಎಂದು ಬರೆಯುತ್ತಿತ್ತು. ಆ ೞ ಮತ್ತು ಱ ಬರೀ ಬರಹದ ಭೇದವಲ್ಲ, ಬೇರೆಯೇ ಧ್ವನಿಗಳು. ಬಾಯಿಂದ ಧ್ವನಿ ಹೋದ ಮೇಲೆ ಅಕ್ಷರಕ್ಕೂ ಕೆಲಸ ತಪ್ಪಿತು.

ಹಳೆಯ ಬರಹದಲ್ಲಿ ೞ ಕಂಡಾಗಲೆಲ್ಲ ಅಲ್ಲಿ ಯಾರೋ ಆಡಿದ, ನನ್ನ ನಾಲಿಗೆಗೆ ಬಾರದ ಒಂದು ಧ್ವನಿ ಇನ್ನೂ ಕುಳಿತಿದೆ ಎನಿಸುತ್ತದೆ. ಹೊಸ್ತಿಲಕ್ಷರ ಹುಟ್ಟಿದ್ದು ಆ ಭಾವದಿಂದ. ತೊರೆಯವರು ಆ ಅಕ್ಷರವನ್ನು ಓದುವಾಗ ತುಟಿ ತೆರೆದು, ಉಸಿರು ಹಿಡಿದು, ಏನೂ ನುಡಿಯದೆ ಮುಂದಿನ ಪದಕ್ಕೆ ಹೋಗುತ್ತಾರೆ.

ಉಳಿದ ಲಿಪಿ ದುಂಡಗಿದೆ, ಇದೊಂದೇ ಚೂಪಾಗಿದೆ. ಏಕೆ?

ಬರೆಯುವ ಸಾಮಗ್ರಿ ಬದಲಾದುದರಿಂದ. ತೊರೆಯವರು ಈಗ ಎಲೆಯ ಮೇಲೆ ಕಂಟದಿಂದ, ಎಂದರೆ ಚೂಪಾದ ಮೊನೆಯಿಂದ, ಬರೆಯುತ್ತಾರೆ. ಎಲೆಯ ನಾರಿನ ಉದ್ದಕ್ಕೆ ನೇರ ಗೆರೆ ಎಳೆದರೆ ಎಲೆ ಸೀಳುತ್ತದೆ, ಆದ್ದರಿಂದ ಅಕ್ಷರಗಳು ದುಂಡಗಾದವು. ದಕ್ಷಿಣ ಭಾರತದ ಲಿಪಿಗಳ ದುಂಡುತನಕ್ಕೂ ಇದೇ ಕಾರಣವನ್ನು ಕೊಡುವುದುಂಟು. ಹೊಸ್ತಿಲಕ್ಷರ ಮಾತ್ರ ಅದಕ್ಕೂ ಹಳೆಯದು, ಮರದ ಕಾಲದ್ದು. ಉತ್ತರ ಯುರೋಪಿನ ರೂನ್ ಅಕ್ಷರಗಳನ್ನು ನೋಡಿ: ನೇರ ಕಂಬಗಳು, ಓರೆ ಗೆರೆಗಳು, ಅಡ್ಡಗೆರೆ ಇಲ್ಲವೆನ್ನುವಷ್ಟು ಕಡಿಮೆ. ಮರದ ಎಳೆಯ ಜೊತೆಗೇ ಸಾಗುವ ಗೆರೆ ಎಳೆಯಲ್ಲಿ ಮರೆಯಾಗುತ್ತದೆ, ಇಲ್ಲವೇ ಮರವನ್ನು ಸೀಳುತ್ತದೆ. ದಾಟುಗೆರೆ ಓರೆಯಾಗಿರುವುದು ಈ ಕಾರಣಕ್ಕೆ. ಅದರ ಓರೆಗೆ ಗೂಢಾರ್ಥ ಹುಡುಕಿದವರಿಗೆ ಈ ಉತ್ತರ ಸಪ್ಪೆ ಎನಿಸಬಹುದು. ನನಗೆ ಮಾತ್ರ ಇದಕ್ಕಿಂತ ರುಚಿಯಾದ ಕಾರಣ ಬೇರೆ ಇಲ್ಲ.

ಯಾರು ಬರೆದರೂ ಕೆಲಸ ಮಾಡುತ್ತದೆಯೇ? ಮುದ್ರೆ ಮಾಡಿಸಿ ಒತ್ತಿದರೆ?

ಮುದ್ರೆ ಒತ್ತಿದರೆ ಆಗುವುದಿಲ್ಲ. ಮುದ್ರೆಯಲ್ಲಿ ಮೂರು ಗೆರೆಗಳೂ ಒಂದೇ ಕ್ಷಣ ಬೀಳುತ್ತವೆ. ಮೊದಲು ಕಂಬ, ಆಮೇಲೆ ದಾಟು ಎಂಬ ಕ್ರಮವೇ ಅಲ್ಲಿಲ್ಲ. ಬಾಗಿಲೇ ಇಲ್ಲದ ಕಡೆ ಹೊಸ್ತಿಲು ಇಟ್ಟಂತಾಗುತ್ತದೆ.

ಬರೆದವರಿಗೆ ಮುಂದಿನ ಪದ ಗೊತ್ತಿರಬೇಕು. ಅರ್ಥ ತಿಳಿಯದೆ ಗೆರೆಗೆ ಗೆರೆ ನಕಲು ಮಾಡಿದವನ ಬರಹ ಬರೀ ಬರಹ. ಏಕೆ ಎಂಬುದು ಮುಂದಿನ ಉತ್ತರದಲ್ಲಿದೆ.

ಅದಕ್ಕೆ ತೆರುವ ಬೆಲೆ ಏನು?

ಹೊಸ್ತಿಲಕ್ಷರದ ಮುಂದೆ ಬರೆದ ಪದ ಬರೆದವರ ಬಾಯಿಂದ ಹೋಗುತ್ತದೆ. ಬರಹ ಇರುವವರೆಗೂ ಅವರು ಆ ಪದವನ್ನು ಆಡಲಾರರು. ಅರ್ಥ ಮರೆಯುವುದಿಲ್ಲ, ಇತರರು ಹೇಳಿದರೆ ತಿಳಿಯುತ್ತದೆ, ನಾಲಿಗೆಗೆ ಮಾತ್ರ ಬರುವುದಿಲ್ಲ.

ಈ ನಿಯಮ ಹೊಳೆದ ದಿನವೇ ಮೊದಲ ಕಥೆ ಹುಟ್ಟಿತು. ಒಬ್ಬ ತಾಯಿ ರಾತ್ರೋರಾತ್ರಿ ಬಾಗಿಲ ಮೇಲೆ ‘ನೆರೆ’ ಎಂದು ಬರೆದು ಮಕ್ಕಳನ್ನು ಉಳಿಸಿಕೊಳ್ಳುತ್ತಾಳೆ. ಆಮೇಲೆ ಓಡಿಹೋಗಿ ಪಕ್ಕದ ಮನೆಯ ಬಾಗಿಲು ಬಡಿಯುತ್ತಾಳೆ. ಅವರು ಎದ್ದು ಬಂದು ಏನಾಯಿತೆಂದು ಕೇಳುತ್ತಾರೆ. ಅವಳಿಗೆ ಹೇಳಬೇಕಾದ ಪದ ಅದೊಂದೇ.

ಈ ಬೆಲೆಯಿಂದ ತೊರೆಯವರ ಭಾಷೆಯೇ ಬೇರೆಯಾಗಿ ಬೆಳೆಯಿತು. ನೆರೆಯ ಪದ ಕಳೆದುಕೊಂಡ ಮನೆಗಳಲ್ಲಿ ‘ಕಂದುನೀರು’ ಎನ್ನುತ್ತಾರೆ. ಕೆಲವು ಓಣಿಗಳಲ್ಲಿ ‘ಹಾಸಿಗೆ ಎತ್ತಿಸುವುದು’ ಎನ್ನುತ್ತಾರೆ. ಅಜ್ಜಿ ಬರೆದ ಪದವನ್ನು ಮೊಮ್ಮಕ್ಕಳು ಮನೆಯಲ್ಲಿ ಕೇಳಿಯೇ ಇರುವುದಿಲ್ಲ. ಬಳಸುಮಾತನ್ನೇ ಮೂಲಪದವೆಂದು ಕಲಿಯುತ್ತಾರೆ. ಮುಂದೆ ಆ ಬಳಸುಮಾತನ್ನೇ ಬಾಗಿಲ ಮೇಲೆ ಬರೆಯುವ ಕಾಲ ಬರುತ್ತದೆ. ಹೀಗೆ ಅವರಲ್ಲಿ ನೆರೆಗೆ ಇರುವಷ್ಟು ಹೆಸರುಗಳು ಬೇರೆ ಯಾವುದಕ್ಕೂ ಇಲ್ಲ. ಒಂದು ಊರಿನ ಹಳೆಯ ಭಯಗಳು ಯಾವುವು ಎಂದು ತಿಳಿಯಲು ಅಲ್ಲಿನ ಸಮಾನಾರ್ಥಕ ಪದಗಳನ್ನು ಎಣಿಸಿದರೆ ಸಾಕು.

ಮಾತು ಬಾರದವರು ಬರೆದರೆ ಏನಾಗುತ್ತದೆ ಎಂದು ಒಬ್ಬ ಓದುಗರು ಕೇಳಿದ್ದರು. ಕೈಸನ್ನೆಯಲ್ಲಿ ಮಾತನಾಡುವವರ ಕೈಯಿಂದ ಆ ಸನ್ನೆ ಹೋಗುತ್ತದೆ. ಅವರ ಪ್ರಶ್ನೆ ಬರುವವರೆಗೂ ನಾನು ಇದನ್ನು ಯೋಚಿಸಿರಲಿಲ್ಲ. ಈಗ ಅದು ಒಂದು ಇಡೀ ಅಧ್ಯಾಯವಾಗಿದೆ.

ಮನುಷ್ಯರ ಹೆಸರು ಬರೆಯಬಹುದೇ?

ಬರೆಯಬಹುದು. ಆ ವ್ಯಕ್ತಿ ಒಳಗೆ ಬರಲಾರ; ಬರೆದವರು ಮತ್ತೆ ಅವನ ಹೆಸರು ಹಿಡಿದು ಕರೆಯಲಾರರು. ತೊರೆಯವರಲ್ಲಿ ಇದು ಅಪರಾಧವಲ್ಲ, ಆದರೆ ಬರೆದವರನ್ನು ಯಾರೂ ಕಾರಣ ಕೇಳುವುದಿಲ್ಲ.

ಹಾಗಾದರೆ ‘ಸಾವು’ ಎಂದು ಬರೆದುಬಿಟ್ಟರೆ?

ಈ ಪ್ರಶ್ನೆಯೊಂದಿಗೆ ಬಾರದ ಓದುಗರೇ ಇಲ್ಲ. ಹೊಸ್ತಿಲಕ್ಷರ ತಡೆಯುವುದು ಹೊರಗಿನಿಂದ ದಾಟಿ ಬರುವುದನ್ನು. ಮುಪ್ಪಿನ ಸಾವು ಹೊಸ್ತಿಲು ದಾಟಿ ಬರುವುದಿಲ್ಲ. ಅದು ಮೈಯೊಳಗೇ ಇರುತ್ತದೆ. ಹಾಗೆ ಬರೆದ ಮನೆಗಳಲ್ಲಿಯೂ ಜನರು ಸಾಯುತ್ತಾರೆ. ಆಗ ಮನೆಯವರು ‘ತೀರಿಕೊಂಡರು’, ‘ಹೋದರು’ ಎನ್ನುತ್ತಾರೆ, ಏಕೆಂದರೆ ಇನ್ನೊಂದು ಪದವನ್ನು ಅವರು ಹೊಸ್ತಿಲಿಗೆ ಕೊಟ್ಟುಬಿಟ್ಟಿರುತ್ತಾರೆ.

ತಪ್ಪಾಗಿ ಬರೆದರೆ ಏನಾಗುತ್ತದೆ?

ಕಂಬಗಳು ಒಂದನ್ನೊಂದು ತಾಗಿದರೆ ಏನೂ ಆಗುವುದಿಲ್ಲ, ಬರಹ ಮೂಕವಾಗಿರುತ್ತದೆ. ದಾಟುಗೆರೆಯನ್ನು ಎಡದಿಂದ ಬಲಕ್ಕೆ ಎಳೆದರೂ ಹಾಗೆಯೇ. ಎಳೆದ ದಿಕ್ಕನ್ನು ಬರೆದ ಮೇಲೆ ಪತ್ತೆ ಮಾಡುವುದು ಸುಲಭವಲ್ಲ. ಅನುಭವಸ್ಥರು ಬೆರಳಾಡಿಸಿ, ಕೆತ್ತು ಎಲ್ಲಿ ಆಳ, ಎಲ್ಲಿ ತೇಲಿದೆ ಎಂದು ನೋಡಿ ಹೇಳುತ್ತಾರೆ.

ಅಪಾಯ ಇರುವುದು ಕನ್ನಡಿರೂಪದಲ್ಲಿ. ದಾಟುಗೆರೆಯ ಎತ್ತರದ ತುದಿ ಎಡಕ್ಕೆ ಬಂದರೆ ತಡೆ ಕರೆಯಾಗುತ್ತದೆ. ಬರೆದ ವಸ್ತು ಹುಡುಕಿಕೊಂಡು ಬರುತ್ತದೆ. ಬೇಕೆಂದೇ ಹಾಗೆ ಬರೆಯುವವರು ವಿರಳ, ಆದರೆ ತೆಳುವಾದ ಬಟ್ಟೆಯ ಮೇಲೆ ಸರಿಯಾಗಿಯೇ ಬರೆದರೂ ಹಿಂಬದಿಯಿಂದ ಅದು ಕನ್ನಡಿರೂಪವಾಗಿ ಕಾಣುತ್ತದೆ. ಆದ್ದರಿಂದ ತೊರೆಯವರು ಪರದೆಯ ಮೇಲೆ, ಎಳೆಯ ಎಲೆಯ ಮೇಲೆ, ನೀರಿನಲ್ಲಿ ಪ್ರತಿಬಿಂಬ ಬೀಳುವ ಕಡೆ ಹೊಸ್ತಿಲಕ್ಷರ ಬರೆಯುವುದಿಲ್ಲ. ನದಿಯ ಕಡೆಗೆ ಮುಖ ಮಾಡಿದ ಬಾಗಿಲುಗಳಲ್ಲಿ ಬರಹ ಯಾವಾಗಲೂ ಒಳಮಗ್ಗುಲಲ್ಲಿರುತ್ತದೆ.

ನಿಜವಾದ ಲೋಕದಲ್ಲಿ ಇಂಥ ಅಕ್ಷರಗಳು ಇದ್ದವೇ?

ಬರಹಕ್ಕೆ ಬಲವಿದೆ ಎಂಬ ನಂಬಿಕೆ ಬರಹದಷ್ಟೇ ಹಳೆಯದು. ನನ್ನನ್ನು ಹೆಚ್ಚು ಕಾಡಿದ್ದು ಪುರಾತನ ಈಜಿಪ್ಟಿನ ಒಂದು ಪದ್ಧತಿ. ಅಲ್ಲಿನ ಲಿಪಿಯಲ್ಲಿ ಹಾವು, ಹಕ್ಕಿ, ಮನುಷ್ಯರ ಚಿತ್ರಗಳೇ ಅಕ್ಷರಗಳು. ಸಮಾಧಿಯ ಒಳಗೆ ಬರೆಯುವಾಗ ಕೆಲವೊಮ್ಮೆ ಹಾವಿನ ಚಿತ್ರಾಕ್ಷರವನ್ನು ತುಂಡರಿಸಿ ಬರೆಯುತ್ತಿದ್ದರು, ಹಕ್ಕಿಗೆ ಕಾಲು ಬರೆಯುತ್ತಿರಲಿಲ್ಲ. ಅಕ್ಷರಗಳು ಜೀವ ತಳೆದು ಒಳಗಿರುವ ಮೃತದೇಹಕ್ಕೆ ಕೇಡು ಮಾಡಬಾರದು ಎಂಬ ಎಚ್ಚರಿಕೆ ಅದು. ಬರೆದ ಪದದ ಅರ್ಥಕ್ಕಿಂತ ಅಕ್ಷರದ ಮೈಗೆ ಹೆದರಿದ ಲಿಪಿಕಾರ! ಅವನ ಕೈಯನ್ನು ಊಹಿಸಿಕೊಂಡೇ ನಾನು ತೊರೆಯವರ ಬರಹಗಾರರನ್ನು ಚಿತ್ರಿಸಿದ್ದೇನೆ.

ಅಬ್ರಕಡಬ್ರ ಎಂಬುದನ್ನು ನಾವು ಜಾದೂಗಾರನ ಮಾತೆಂದು ತಿಳಿದಿದ್ದೇವೆ. ನಮಗೆ ತಿಳಿದಿರುವ ಹಳೆಯ ದಾಖಲೆಯಲ್ಲಿ ಅದು ಬರಹ, ಅದೂ ಚಿಕಿತ್ಸೆಗಾಗಿ. ಸೆರೇನಸ್ ಸಮ್ಮೋನಿಕಸ್ ಎಂಬ ರೋಮನ್ ಲೇಖಕನ ವೈದ್ಯಗ್ರಂಥದಲ್ಲಿ ಜ್ವರಕ್ಕೆ ಇದನ್ನು ಹೇಳಿದೆ: ಪದವನ್ನು ಸಾಲುಸಾಲಾಗಿ ಬರೆಯಬೇಕು, ಪ್ರತಿ ಸಾಲಿನಲ್ಲಿ ಒಂದೊಂದು ಅಕ್ಷರ ಬಿಡುತ್ತ ಬರಬೇಕು, ಕೊನೆಗೆ ಒಂದೇ ಅಕ್ಷರ ಉಳಿಯಬೇಕು, ಅದನ್ನು ಕೊರಳಿಗೆ ಕಟ್ಟಬೇಕು. ಪದ ಕರಗಿದಂತೆ ಜ್ವರವೂ ಕರಗುತ್ತದೆ. ಅಲ್ಲಿ ಕೆಲಸ ಮಾಡುವುದು ಪದದ ಅರ್ಥವಲ್ಲ, ಅದು ಕುಗ್ಗುವ ರೀತಿ.

ಯಹೂದಿ ಐತಿಹ್ಯದ ಮಣ್ಣಿನ ಮನುಷ್ಯ ಗೋಲೆಮ್ ಇನ್ನೊಂದು ನಿದರ್ಶನ. ಅವನ ಹಣೆಯ ಮೇಲೆ ಎಮೆತ್, ಎಂದರೆ ಸತ್ಯ, ಎಂದು ಬರೆದರೆ ಎದ್ದು ನಡೆಯುತ್ತಾನೆ. ಮೊದಲ ಅಕ್ಷರ ಅಳಿಸಿದರೆ ಉಳಿಯುವುದು ಮೆತ್: ಸತ್ತವನು. ಕಾಗುಣಿತವೇ ಕಥೆಯಾಗುವುದಕ್ಕೆ ಇದಕ್ಕಿಂತ ಚೊಕ್ಕ ಉದಾಹರಣೆ ನನಗೆ ಸಿಕ್ಕಿಲ್ಲ. ಇನ್ನು ಇಥಿಯೋಪಿಯಾದ ರಕ್ಷಾಸುರುಳಿಗಳನ್ನು ಅನೇಕ ಸಲ ಧರಿಸುವವರ ಎತ್ತರದಷ್ಟೇ ಉದ್ದವಾಗಿ ಮಾಡುತ್ತಿದ್ದರು, ತಲೆಯಿಂದ ಕಾಲಿನವರೆಗೆ ರಕ್ಷಣೆ ಇರಲಿ ಎಂದು. ಚೀನಾದ ಪುರಾಣದಲ್ಲಿ ಸಾಂಗ್‌ಜಿಯೆ ಎಂಬವನು ಅಕ್ಷರಗಳನ್ನು ಸೃಷ್ಟಿಸಿದಾಗ ಆಕಾಶದಿಂದ ಧಾನ್ಯದ ಮಳೆ ಸುರಿಯಿತು, ರಾತ್ರಿ ಪ್ರೇತಗಳು ಅತ್ತವು.

ಹಾಗಿದ್ದರೆ ರೂನ್‌ಗಳನ್ನೋ ಬೀಜಾಕ್ಷರಗಳನ್ನೋ ನೇರವಾಗಿ ಬಳಸಬಹುದಿತ್ತಲ್ಲ?

ಬಳಸಬಾರದು ಎಂಬುದು ನನ್ನ ದೃಢವಾದ ಅಭಿಪ್ರಾಯ. ಬೀಜಾಕ್ಷರಗಳು ಇಂದಿಗೂ ಜನರು ಧ್ಯಾನಿಸುವ ಅಕ್ಷರಗಳು. ಭಾರತದಲ್ಲಿ ಹುಟ್ಟಿದ ಸಿದ್ಧಂ ಎಂಬ ಹಳೆಯ ಲಿಪಿ ಇಲ್ಲಿ ಬಳಕೆ ತಪ್ಪಿದರೂ ಜಪಾನಿನ ಬೌದ್ಧರು ಅದರಲ್ಲಿ ಇಂದಿಗೂ ಬೀಜಮಂತ್ರಗಳನ್ನು ಬರೆಯುತ್ತಾರೆ. ಒಬ್ಬರ ನಂಬಿಕೆಯನ್ನು ನನ್ನ ಕಥೆಯ ಬೀಗದಕೈ ಮಾಡಿಕೊಳ್ಳಲು ಮನಸ್ಸು ಒಪ್ಪುವುದಿಲ್ಲ. ರೂನ್‌ಗಳ ವಿಷಯದಲ್ಲಿ ತೊಡಕು ಬೇರೆ: ಹಳೆಯ ಫುಥಾರ್ಕ್ ಎಂಬ ರೂನ್ ವರ್ಣಮಾಲೆಯ 24 ಅಕ್ಷರಗಳಿಗೂ ತಮ್ಮದೇ ಚರಿತ್ರೆ ಇದೆ, ಬಲ್ಲ ಓದುಗ ಅದನ್ನು ಹೊತ್ತುಕೊಂಡೇ ನನ್ನ ಲೋಕಕ್ಕೆ ಬರುತ್ತಾನೆ. ಆಗ ನನ್ನ ತೊರೆಯವರು ಯಾರದೋ ನೆರಳಾಗಿಬಿಡುತ್ತಾರೆ.

ನನ್ನ ಲೋಕಕ್ಕೆ ಒಂದು ಮಂತ್ರಾಕ್ಷರ ಬೇಕು. ಅದಕ್ಕಾಗಿ ಪೂರ್ತಿ ಲಿಪಿ ಕಟ್ಟಬೇಕೇ?

ಪೂರ್ತಿ ಬೇಡ. ಎಂಟು ಹತ್ತು ಅಕ್ಷರಗಳನ್ನಾದರೂ ಕಟ್ಟಿ, ಅವುಗಳನ್ನು ನಿಮ್ಮ ಕೈಯಿಂದ ನೂರು ಸಲ ವೇಗವಾಗಿ ಬರೆಯಿರಿ. ನಿಧಾನವಾಗಿ ಬಿಡಿಸಿದಾಗ ಎಲ್ಲ ಅಕ್ಷರಗಳೂ ಚೆಂದ. ವೇಗದಲ್ಲಿ ಯಾವ ಗೆರೆ ಬಿದ್ದುಹೋಗುತ್ತದೆ, ಯಾವ ಎರಡು ಅಕ್ಷರಗಳು ಒಂದರಂತೆ ಕಾಣತೊಡಗುತ್ತವೆ ಎಂಬುದು ಆಗ ಗೊತ್ತಾಗುತ್ತದೆ. ಹೊಸ್ತಿಲಕ್ಷರಕ್ಕೆ ಮೊದಲು ನಾಲ್ಕು ಗೆರೆಗಳಿದ್ದವು. ಮೇಲಿನ ಅಡ್ಡಪಟ್ಟಿ ನನ್ನ ಕೈಯಲ್ಲೇ ಬಿದ್ದುಹೋಯಿತು.

ಆಕಾರಕ್ಕೆ ಕಾರಣ ಬೇಕೆನ್ನುವವರು ಕೊರಿಯಾದ ಹಂಗುಲ್ ಲಿಪಿಯನ್ನು ನೋಡಬೇಕು. 1446ರಲ್ಲಿ ಪ್ರಕಟವಾದ ಆ ಲಿಪಿಯ ಮೂಲ ವ್ಯಂಜನಗಳು ನುಡಿಯುವಾಗ ನಾಲಿಗೆ, ತುಟಿ, ಗಂಟಲು ತಳೆಯುವ ಆಕಾರವನ್ನೇ ಹೋಲುತ್ತವೆ. ಬಾಯಿಯ ಚಿತ್ರವೇ ಅಕ್ಷರವಾಗಿರುವ ಲಿಪಿಯಲ್ಲಿ ಮಾಯೆ ಎಲ್ಲಿ ಕೂರಬಹುದು ಎಂದು ಯೋಚಿಸಿ ನೋಡಿ. ನನಗಂತೂ ಹಲವು ದಿನ ನಿದ್ದೆ ಬರಲಿಲ್ಲ.

ಕಂಪ್ಯೂಟರಿನಲ್ಲಿ ಹೊಸ್ತಿಲಕ್ಷರವನ್ನು ಟೈಪ್ ಮಾಡುವುದು ಹೇಗೆ?

ಕಂಪ್ಯೂಟರಿಗಾಗಿ ಪ್ರತಿ ಅಕ್ಷರಕ್ಕೂ ಒಂದು ಸಂಖ್ಯೆ ಕೊಡುವ ಯೂನಿಕೋಡ್ ಪಟ್ಟಿಯ ಮೊದಲ ಭಾಗದಲ್ಲಿ 6,400 ಸ್ಥಾನಗಳನ್ನು ಖಾಸಗಿ ಬಳಕೆಗೆಂದು ಬಿಟ್ಟಿದ್ದಾರೆ. ಅಲ್ಲಿ ಒಂದು ಸ್ಥಾನಕ್ಕೆ ನಿಮ್ಮ ಫಾಂಟ್‌ನಲ್ಲಿ ಆಕಾರ ಕೊಟ್ಟರೆ ಆಯಿತು. ಆ ಫಾಂಟ್ ಇಲ್ಲದವರಿಗೆ ಖಾಲಿ ಚೌಕ ಕಾಣುತ್ತದೆ.

ಯೂನಿಕೋಡ್ ಎಂದಾಗ ಒಂದು ಸಂಗತಿ ಹೇಳಲೇಬೇಕು. ಮೇಲೆ ಹೇಳಿದ ೞ ಅಕ್ಷರ ಅಲ್ಲಿ ಸೇರಿದಾಗ ಅದರ ಹೆಸರು ತಪ್ಪಾಗಿ ‘ಫ’ ಎಂದು ದಾಖಲಾಯಿತು. ಒಮ್ಮೆ ಕೊಟ್ಟ ಹೆಸರನ್ನು ಬದಲಿಸುವಂತಿಲ್ಲ ಎಂಬುದು ಅಲ್ಲಿನ ನಿಯಮ. ತಪ್ಪಾಗಿದೆ ಎಂಬ ಟಿಪ್ಪಣಿ ಪಕ್ಕದಲ್ಲಿ ಸೇರಿತು, ಹೆಸರು ಹಾಗೆಯೇ ಉಳಿಯಿತು. ಧ್ವನಿ ಕಳೆದುಕೊಂಡ ಅಕ್ಷರಕ್ಕೆ ಬೇರೆಯವರ ಹೆಸರು ಅಂಟಿಕೊಂಡಿದೆ. ತೊರೆಯವರ ಲೋಕದಲ್ಲಿ ಹೀಗಾಗಿದ್ದರೆ ಯಾವ ಬಾಗಿಲು ಮುಚ್ಚುತ್ತಿತ್ತು, ಯಾವುದು ತೆರೆಯುತ್ತಿತ್ತು ಎಂದು ನಾನು ಇನ್ನೂ ಲೆಕ್ಕ ಹಾಕುತ್ತಿದ್ದೇನೆ.

ನನ್ನ ಕಥೆಯಲ್ಲಿ ಹೊಸ್ತಿಲಕ್ಷರ ಬಳಸಬಹುದೇ?

ಧಾರಾಳವಾಗಿ. ಬೆಲೆಯ ನಿಯಮವನ್ನು ಮಾತ್ರ ಕೈಬಿಡಬೇಡಿ.

ಬರೆದದ್ದನ್ನು ಅಳಿಸುವುದು ಹೇಗೆ? ಪದ ಮರಳಿ ಬರುತ್ತದೆಯೇ?

ಕೆರೆದು ಅಳಿಸಬಹುದು. ಹಾಗೆ ಮಾಡಿದರೆ ತಡೆ ಹೋಗುತ್ತದೆ, ಪದ ಬರುವುದಿಲ್ಲ. ತಾನಾಗಿ ಸವೆದರೆ ಮಾತ್ರ ಪದ ಮರಳುತ್ತದೆ. ಆದ್ದರಿಂದ ಮುಂದಾಲೋಚನೆ ಇರುವವರು ಚೌಕಟ್ಟಿನ ಮೇಲಕ್ಕೆ ಬರೆಯದೆ ಕೆಳಗೆ, ಕಾಲು ತಾಗುವ ಹೊಸ್ತಿಲ ಮೇಲೆಯೇ ಬರೆಯುತ್ತಾರೆ. ಅಕ್ಷರಕ್ಕೆ ಆ ಹೆಸರು ಬಂದದ್ದು ಹಾಗೆ. ಮೊದಲು ಸವೆಯುವುದು ದಾಟುಗೆರೆ, ಏಕೆಂದರೆ ಅದು ನಡುವೆ ಇದೆ, ಎಲ್ಲರೂ ಅಲ್ಲೇ ಕಾಲಿಡುತ್ತಾರೆ. ಪಕ್ಕದ ಮನೆಯ ಬಾಗಿಲು ಬಡಿದು ಬರಿಗೈಯಲ್ಲಿ ಮರಳಿದ ಆ ತಾಯಿಯ ಮನೆಗೆ ಈಗ ಓಣಿಯ ಮಕ್ಕಳೆಲ್ಲ ದಿನವೂ ಆಡಲು ಬರುತ್ತಾರೆ. ಒಳಗೆ ಹೋಗಿ ಹೊರಗೆ ಬರಲು ಅವಳೇ ಅವರಿಗೆ ಹೇಳಿದ್ದಾಳೆ, ಬರಿಗಾಲಲ್ಲಿ, ಎಷ್ಟು ಸಲ ಸಾಧ್ಯವೋ ಅಷ್ಟು ಸಲ.